ಲಿಸ್ಟ್‌ನಲ್ಲಿ ಇಲ್ಲದ ಐದನೇ ನಂಬರ್

ಕಳೆದ ತಿಂಗಳು ಒಂದು ರಾತ್ರಿ ಹತ್ತು ಗಂಟೆಗೆ ಲಿಸ್ಟ್ ಬಂತು. ಇಲ್ಲಿ ಕೆನಡಾದ ಕ್ಯಾಲ್ಗರಿಯಲ್ಲಿ ಮಕ್ಕಳ ಐಸ್ ಹಾಕಿ ಆಯ್ಕೆಯಲ್ಲಿ ಹೆಸರು ಹಾಕುವುದಿಲ್ಲ. ಆಯ್ಕೆಯ ದಿನ ಮಕ್ಕಳಿಗೆ ಜೆರ್ಸಿ ಮೇಲೆ ಬಣ್ಣದ ತೋಳಿಲ್ಲದ ಬನಿಯನ್ ಒಂದನ್ನು ಹಾಕಿಸುತ್ತಾರೆ. ಅದರ ಬಣ್ಣ, ಅದರ ಮೇಲಿನ ನಂಬರ್, ಅಷ್ಟೇ ಗುರುತು. ನಮ್ಮ ಪುಟ್ಟಿ ನೀಲಿ 27. ಟೀಮ್ 2ರ ಲಿಸ್ಟ್‌ನಲ್ಲಿ ನೀಲಿ 24 ಇತ್ತು, ನೀಲಿ 26 ಇತ್ತು, ನೀಲಿ 31 ಇತ್ತು. ನಾನು ಫೋನ್ ಪರದೆಯನ್ನು ಮೇಲೆ ಕೆಳಗೆ ಮೂರು ಸಲ ಎಳೆದೆ. ಟೀಮ್ 3ರಲ್ಲೂ ಇಲ್ಲ. ನೀಲಿ 27 ಟೀಮ್ 4ರಲ್ಲಿ, ಕೆಳಗಿನಿಂದ ಎರಡನೇ ಸಾಲಿನಲ್ಲಿ ಇತ್ತು.

ಹನ್ನೆರಡು ವರ್ಷದ ಹುಡುಗಿ. ಅಳಲಿಲ್ಲ. "ಸರಿ ಬಿಡು" ಅಂದು ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡಳು. ಅತ್ತಿದ್ದರೇ ಚೆನ್ನಾಗಿತ್ತು ಅನ್ನಿಸಿತು.

ಲಿಸ್ಟ್ ಮುಂದೆ ನಿಲ್ಲುವುದು ನನಗೆ ಹೊಸದಲ್ಲ. ಅರಸೀಕೆರೆಯಲ್ಲಿ ಹೈಸ್ಕೂಲಿನಲ್ಲಿದ್ದಾಗ ಖೋ ಖೋ ಆಡುತ್ತಿದ್ದೆ. ಜಿಲ್ಲಾ ಟೀಮಿಗೆ ಆಯ್ಕೆಯಾದವರ ಹೆಸರನ್ನು ಬಿಳಿ ಹಾಳೆಯಲ್ಲಿ ಬರೆದು, ಮೈದಾ ಅಂಟಿನಲ್ಲಿ ನೋಟಿಸ್ ಬೋರ್ಡಿಗೆ ಅಂಟಿಸಿದ್ದರು. ಅಂಟು ಇನ್ನೂ ಒದ್ದೆ ಇತ್ತು. ನನ್ನ ಹೆಸರು ಇರಲಿಲ್ಲ. ಅಪ್ಪ ಸೈಕಲ್‌ನಲ್ಲಿ ಕೂರಿಸಿಕೊಂಡು ಮನೆಗೆ ಬಂದರು, ದಾರಿಯಲ್ಲಿ ಬೊಂಡ ಕೊಡಿಸಿದರು, ಒಂದೂ ಮಾತಾಡಲಿಲ್ಲ. ನಾನು ಮತ್ತೆ ಖೋ ಖೋ ಆಡಲಿಲ್ಲ. ಇದರಲ್ಲಿ ದೊಡ್ಡ ದುರಂತ ಏನೂ ಇಲ್ಲ. ಆದರೆ ಆ ಒದ್ದೆ ಅಂಟು ಮಾತ್ರ ಇವತ್ತಿಗೂ ಕಣ್ಣ ಮುಂದಿದೆ.

ಅವತ್ತು ರಾತ್ರಿ ನಿದ್ದೆ ಬರದೆ ಕೂತಾಗ ನೆನಪಾದದ್ದು ಮಾರ್ಕ್ ಜೋರ್ಡಾನೊ, ಇಲ್ಲಿನ ಫ್ಲೇಮ್ಸ್ ಟೀಮಿನಲ್ಲಿ ಐದನೇ ನಂಬರ್ ಜೆರ್ಸಿ ತೊಟ್ಟು ಡಿಫೆನ್ಸ್ ಆಡಿದ ಹಾಕಿ ಆಟಗಾರ. ಕ್ಯಾಲ್ಗರಿಯಲ್ಲಿ ಎಲ್ಲರೂ ಅವನನ್ನು ಕರೆಯುವುದು ಜಿಯೋ ಅಂತ. (ಊರಿಗೆ ಫೋನ್ ಮಾಡಿ "ಜಿಯೋ ಇವತ್ತು ಚೆನ್ನಾಗಿ ಆಡಿದ" ಅಂದರೆ ಅಮ್ಮ, "ನಮ್ಮದೂ ಜಿಯೋನೇ ಕಣೆ, ಸಿಗ್ನಲ್ಲೇ ಬರಲ್ಲ" ಅನ್ನುತ್ತಿದ್ದಳು.) ನನಗಿಂತ ಎರಡು ವರ್ಷ ಚಿಕ್ಕವನು. ಹಾಗಾಗಿ ಇಲ್ಲಿ ಅವನು ಅಂತಲೇ ಬರೆಯುತ್ತೇನೆ, ತಪ್ಪು ತಿಳಿಯಬೇಡಿ.

ನಾವು ಕ್ಯಾಲ್ಗರಿಗೆ ಬಂದದ್ದು 2007ರ ಜನವರಿಯಲ್ಲಿ. ಮೈನಸ್ ಇಪ್ಪತ್ತೆಂಟು. ನಮ್ಮವರು ತೈಲದ ಕಂಪನಿಯಲ್ಲಿ ಇನ್‌ಸ್ಟ್ರುಮೆಂಟೇಷನ್ ಕೆಲಸಕ್ಕೆ ಸೇರಿದ್ದರು. ನಾನು ಮನೆಯಲ್ಲಿ ಒಬ್ಬಳೇ, ಕಿಟಕಿ ಆಚೆ ಬರೀ ಬಿಳುಪು. ಪಕ್ಕದ ಮನೆಯಲ್ಲಿ ಒಬ್ಬ ಅಜ್ಜ ಇದ್ದರು. ರೈಲ್ವೆಯಲ್ಲಿ ಕೆಲಸ ಮಾಡಿ ನಿವೃತ್ತರಾದವರು. ನಮ್ಮ ಬಾಗಿಲಿನ ಮುಂದಿನ ಹಿಮವನ್ನೂ ಅವರೇ ಎತ್ತಿ ಹಾಕುತ್ತಿದ್ದರು. ನಾನು ಒಂದು ದಿನ ಚಿತ್ರಾನ್ನ ಕೊಟ್ಟು ಬಂದೆ. ಅವತ್ತು ಸಂಜೆ ಅವರ ಮನೆಯಲ್ಲಿ ಟಿವಿ ಮುಂದೆ ಕೂತು, ಜೀವನದಲ್ಲಿ ಮೊದಲ ಸಲ ಐಸ್ ಹಾಕಿ ನೋಡಿದೆ. ಪಕ್, ಅಂದರೆ ಚೆಂಡಿನ ಬದಲಿಗೆ ಆಡುವ ಬಿಲ್ಲೆ, ಎಲ್ಲಿದೆ ಅಂತಲೇ ಗೊತ್ತಾಗಲಿಲ್ಲ. ಅಜ್ಜ ಹೇಳಿದರು: ಪಕ್ ನೋಡಬೇಡ, ಡಿಫೆನ್ಸ್‌ನಲ್ಲಿ ಆಡುವ ಇಬ್ಬರನ್ನು ನೋಡು. ಅವರು ಯಾವ ಕಡೆ ತಿರುಗುತ್ತಾರೋ ಪಕ್ ಅಲ್ಲಿಗೆ ಬರುತ್ತದೆ.

ಅದೊಂದು ಮಾತಿನಿಂದ ನನಗೆ ಈ ಆಟ ಹತ್ತಿಕೊಂಡಿತು. ನಮ್ಮ ಕಬಡ್ಡಿಯಲ್ಲೂ ಹಾಗೇ ಅಲ್ವಾ. ಎಲ್ಲರೂ ರೈಡರ್ ನೋಡುತ್ತಾರೆ. ಆಟ ಬಲ್ಲವರು ಮೂಲೆಯಲ್ಲಿ ಬಗ್ಗಿ ನಿಂತವನ ಕಾಲನ್ನು ನೋಡುತ್ತಾರೆ.

ಜಿಯೋ ಹುಟ್ಟಿದ್ದು ಟೊರಾಂಟೊದಲ್ಲಿ, 1983ರ ಅಕ್ಟೋಬರ್ 3ರಂದು. ಅವನ ಕಥೆ ಹೇಳಬೇಕಾದರೆ ಮೊದಲು ಡ್ರಾಫ್ಟ್ ಅಂದರೇನು ಅಂತ ಹೇಳಬೇಕು. ಎನ್‌ಎಚ್‌ಎಲ್ ಅಂದರೆ ಇಲ್ಲಿನ ದೊಡ್ಡ ಲೀಗ್. ಪ್ರತಿ ವರ್ಷ ಬೇಸಿಗೆಯಲ್ಲಿ ಎಲ್ಲ ಟೀಮ್‌ನವರೂ ಹದಿನೆಂಟರ ಆಸುಪಾಸಿನ ಹುಡುಗರನ್ನು ಸರದಿ ಪ್ರಕಾರ ಆರಿಸಿಕೊಳ್ಳುತ್ತಾರೆ. ಐಪಿಎಲ್ ಹರಾಜಿನ ಹಾಗೆ ದುಡ್ಡು ಕೂಗುವುದಿಲ್ಲ, ಬರೀ ಹೆಸರು ಕೂಗುತ್ತಾರೆ. ಈಗ ಏಳು ಸುತ್ತು. ಆಗ ಒಂಬತ್ತು ಸುತ್ತು ಇತ್ತು. ಹೆಸರು ಕೂಗಿದರೆ ಹುಡುಗ ಎದ್ದು, ಅಪ್ಪ ಅಮ್ಮನನ್ನು ತಬ್ಬಿಕೊಂಡು, ವೇದಿಕೆಗೆ ಹೋಗಿ ಟೀಮಿನ ಅಂಗಿ ಹಾಕಿಕೊಳ್ಳುತ್ತಾನೆ. ಟಿವಿಯಲ್ಲಿ ತೋರಿಸುತ್ತಾರೆ. ನಮ್ಮ ಕಡೆ ಸಿಇಟಿ ರ‍್ಯಾಂಕ್ ಬಂದವರ ಫೋಟೊ ಪೇಪರಿನಲ್ಲಿ ಬರುತ್ತಲ್ಲ, ಹಾಗೆ.

2002ರ ಡ್ರಾಫ್ಟ್ ನಡೆದದ್ದು ಟೊರಾಂಟೊದಲ್ಲೇ, ಏರ್ ಕೆನಡಾ ಸೆಂಟರ್ ಅನ್ನುವ ಸ್ಟೇಡಿಯಂನಲ್ಲಿ. ಜಿಯೋನ ಸ್ವಂತ ಊರು. ಎರಡು ದಿನ, ಒಟ್ಟು 291 ಹೆಸರು ಕೂಗಿದರು. ಅವನ ಹೆಸರು ಇರಲಿಲ್ಲ. ಮುಂದಿನ ವರ್ಷ ನ್ಯಾಶ್‌ವಿಲ್‌ನಲ್ಲಿ 292 ಹೆಸರು ಕೂಗಿದರು. ಆಗಲೂ ಇರಲಿಲ್ಲ. ಆ ಎರಡನೇ ಡ್ರಾಫ್ಟ್‌ನಲ್ಲಿ ಕ್ಯಾಲ್ಗರಿ ಫ್ಲೇಮ್ಸ್ ಒಂಬತ್ತನೆಯವನಾಗಿ ಆರಿಸಿಕೊಂಡ ಹುಡುಗ ಡಿಯಾನ್ ಫನೂಫ್. ಅವನೂ ಡಿಫೆನ್ಸ್‌ಮ್ಯಾನ್. ಮುಂದೆ ಇಬ್ಬರೂ ಒಂದೇ ಟೀಮಿನಲ್ಲಿ ಆಡಿದರು. ಒಬ್ಬನಿಗೆ ರತ್ನಗಂಬಳಿ ಹಾಸಿ ಕರೆದದ್ದು. ಇನ್ನೊಬ್ಬ ಹಿತ್ತಲ ಬಾಗಿಲಿನಿಂದ ಬಂದದ್ದು.

2002ರ ಡ್ರಾಫ್ಟ್ ಆದ ಮೇಲೆ ಎರಡು ವರ್ಷ ಅವನು ಓವೆನ್ ಸೌಂಡ್ ಅಟ್ಯಾಕ್ ಅನ್ನುವ ಜೂನಿಯರ್ ಟೀಮಿನಲ್ಲಿ ಆಡುತ್ತಿದ್ದ. ಒಂಟಾರಿಯೊದ ಜಾರ್ಜಿಯನ್ ಬೇ ದಂಡೆಯ ಪುಟ್ಟ ಊರು, ಇಪ್ಪತ್ತು ಸಾವಿರದಷ್ಟು ಜನ. ತಿಪಟೂರಿಗಿಂತ ಸಣ್ಣದು. ಅಲ್ಲಿಗೆ ಬರುವ ಮುಂಚೆ ಬ್ರಾಂಪ್ಟನ್‌ನಲ್ಲಿ ಇನ್ನೂ ಕೆಳಗಿನ ಮಟ್ಟದ ಜೂನಿಯರ್ ಆಡಿದ್ದ. ಓವೆನ್ ಸೌಂಡ್‌ನಲ್ಲಿ ಎರಡು ಸೀಸನ್ ಚೆನ್ನಾಗಿಯೇ ಆಡಿದ. ಎರಡರಲ್ಲೂ ಗೋಲು ಮತ್ತು ಅಸಿಸ್ಟ್ ಸೇರಿ ಐವತ್ತರ ಹತ್ತಿರ ಪಾಯಿಂಟ್. ಆದರೂ ಯಾರೂ ಕರೆಯಲಿಲ್ಲ. ಇಪ್ಪತ್ತು ತುಂಬಿತು. ಜೂನಿಯರ್ ಮುಗಿಯಿತು. ಆಗ ಅವನು ಮಾಡಿದ್ದೇನು ಗೊತ್ತಾ? ಟೊರಾಂಟೊದ ಯಾರ್ಕ್ ಯೂನಿವರ್ಸಿಟಿಯಲ್ಲಿ ಬಿಸಿನೆಸ್ ಓದಲು ತಯಾರಿ ನಡೆಸಿದ.

ನನಗೆ ಈ ಕಥೆಯಲ್ಲಿ ಬಹಳ ಇಷ್ಟವಾಗುವ ಜಾಗ ಇದೇ. "ನಾನು ಯಾವತ್ತೂ ಸೋಲು ಒಪ್ಪಲಿಲ್ಲ" ಅನ್ನುವ ಡೈಲಾಗ್ ಇಲ್ಲ. ಹುಡುಗ ಲೆಕ್ಕ ಹಾಕಿ, ಸರಿ, ಇನ್ನು ಓದೋಣ ಅಂದುಕೊಂಡ. ನಮ್ಮ ಮನೆಗಳಲ್ಲಿ ಹೇಳುತ್ತಾರಲ್ಲ, ಒಂದು ಡಿಗ್ರಿ ಕೈಯಲ್ಲಿರಲಿ ಅಂತ, ಅದೇ.

ಆ ಬೇಸಿಗೆ, ಅಂದರೆ 2004, ಕ್ಯಾಲ್ಗರಿಯಲ್ಲಿ ಏನಾಗಿತ್ತು ಅಂತ ಪಕ್ಕದ ಮನೆ ಅಜ್ಜ ನನಗೆ ನೂರು ಸಲವಾದರೂ ಹೇಳಿರಬೇಕು. ಫ್ಲೇಮ್ಸ್ ಸ್ಟ್ಯಾನ್ಲಿ ಕಪ್, ಅಂದರೆ ಲೀಗ್ ಗೆದ್ದವರಿಗೆ ಕೊಡುವ ಕಪ್, ಅದರ ಫೈನಲ್ ತಲುಪಿತ್ತು. ಎದುರಾಳಿ ಟ್ಯಾಂಪಾ ಬೇ. ಕ್ಯಾಲ್ಗರಿ ಮೂರು ಆಟ ಗೆದ್ದಿತ್ತು, ಇನ್ನೊಂದು ಗೆದ್ದಿದ್ದರೆ ಕಪ್. ಆರನೇ ಆಟ ಇಲ್ಲಿನ ಸ್ಯಾಡಲ್‌ಡೋಮ್‌ನಲ್ಲೇ. ಎರಡನೇ ಓವರ್‌ಟೈಮ್‌ನಲ್ಲಿ ಗೋಲು ಹೊಡೆದು ಆಟ ಕಿತ್ತುಕೊಂಡವನು ಮಾರ್ಟಿನ್ ಸೇಂಟ್ ಲೂಯಿ. ಅವನನ್ನೂ ಯಾರೂ ಡ್ರಾಫ್ಟ್ ಮಾಡಿರಲಿಲ್ಲ. ಅಷ್ಟೇ ಅಲ್ಲ, ಅವನು ಮೊದಲು ಫ್ಲೇಮ್ಸ್‌ನಲ್ಲೇ ಇದ್ದವನು. ಬೇಡ ಅಂತ 2000ದಲ್ಲಿ ಬಿಟ್ಟು ಕಳಿಸಿದ್ದರು. ಏಳನೇ ಆಟದಲ್ಲಿ ಕಪ್ ಟ್ಯಾಂಪಾಕ್ಕೆ ಹೋಯಿತು. ಇದು ಜೂನ್‌ನಲ್ಲಿ. ಅದೇ ಜುಲೈನಲ್ಲಿ ಫ್ಲೇಮ್ಸ್‌ನವರು ತಮ್ಮ ಬೇಸಿಗೆ ಕ್ಯಾಂಪಿಗೆ ಬಂದಿದ್ದ, ಯಾರೂ ಆರಿಸದ ಇಪ್ಪತ್ತು ವರ್ಷದ ಒಬ್ಬ ಡಿಫೆನ್ಸ್‌ಮ್ಯಾನ್‌ಗೆ ಒಪ್ಪಂದ ಕೊಟ್ಟರು. ಒಂದಕ್ಕೊಂದು ಸಂಬಂಧ ಇದೆ ಅಂತ ನಾನು ಹೇಳುತ್ತಿಲ್ಲ. ಆದರೆ ಅಜ್ಜ ಮಾತ್ರ ಕೊನೆಯವರೆಗೂ ಇದೆ ಅಂತಲೇ ವಾದಿಸುತ್ತಿದ್ದರು.

ಯಾರ್ಕ್ ಯೂನಿವರ್ಸಿಟಿ ಹಾಗೇ ಉಳಿಯಿತು.

ಒಪ್ಪಂದ ಸಿಕ್ಕಿತು ಅಂದ ತಕ್ಷಣ ಎನ್‌ಎಚ್‌ಎಲ್ ಅಲ್ಲ. ಅದರ ಕೆಳಗೆ ಎಎಚ್‌ಎಲ್ ಅಂತ ಇದೆ. ದೂರದ ಊರಿಗೆ ಬಸ್ಸು, ಕಡಿಮೆ ಸಂಬಳ, ಸಣ್ಣ ಸ್ಟೇಡಿಯಂ. ಮೊದಲ ವರ್ಷ ಅಮೆರಿಕದ ಮ್ಯಾಸಚೂಸೆಟ್ಸ್‌ನ ಲೋವೆಲ್‌ನಲ್ಲಿ ಆಡಿದ. ಆ ವರ್ಷ ಮಾಲೀಕರಿಗೂ ಆಟಗಾರರಿಗೂ ಜಗಳವಾಗಿ ಎನ್‌ಎಚ್‌ಎಲ್ ಸೀಸನ್ನೇ ನಡೆಯಲಿಲ್ಲ. ಎರಡನೇ ವರ್ಷ ನೆಬ್ರಾಸ್ಕದ ಒಮಾಹಾದಲ್ಲಿ. ಆ ಟೀಮಿನ ಹೆಸರು ಒಮಾಹಾ ಅಕ್‌ಸಾರ್‌ಬೆನ್ ನೈಟ್ಸ್. ನೆಬ್ರಾಸ್ಕ ಅನ್ನುವುದನ್ನು ಇಂಗ್ಲಿಷ್‌ನಲ್ಲಿ ಬರೆದು ಹಿಂದಿನಿಂದ ಓದಿದರೆ ಅಕ್‌ಸಾರ್‌ಬೆನ್. ಕರ್ನಾಟಕವನ್ನು ಕಟರ್ನಾಕ ಅಂತ ಮಾಡಿ ಟೀಮಿಗೆ ಹೆಸರಿಟ್ಟ ಹಾಗೆ. ನಗು ಬಂತು ನನಗೆ. 2006ರ ಜನವರಿಯಲ್ಲಿ ಫ್ಲೇಮ್ಸ್ ಮೊದಲ ಸಲ ಮೇಲೆ ಕರೆಸಿಕೊಂಡಿತು. ಆ ಸೀಸನ್‌ನಲ್ಲಿ ಆಡಿದ್ದು ಏಳೇ ಆಟ.

ಅದೇ ವರ್ಷ ಅಕ್ಟೋಬರ್ 14. ಟೊರಾಂಟೊದಲ್ಲಿ ಆಟ. ಅದೇ ಏರ್ ಕೆನಡಾ ಸೆಂಟರ್, 291 ಹೆಸರು ಕೂಗಿದ ಅದೇ ಕಟ್ಟಡ. ಜಿಯೋ ತನ್ನ ಎನ್‌ಎಚ್‌ಎಲ್ ಜೀವನದ ಮೊದಲ ಗೋಲು ಹೊಡೆದದ್ದು ಅಲ್ಲಿ. ಎರಡನೇ ಗೋಲೂ ಅದೇ ರಾತ್ರಿ. ಸಿನಿಮಾದಲ್ಲಿ ತೋರಿಸಿದ್ದರೆ ಇದು ಜಾಸ್ತಿಯಾಯಿತು ಅಂತ ನಾವೇ ಬೈಯುತ್ತಿದ್ದೆವು.

ಸಿನಿಮಾ ಆಗಿದ್ದರೆ ಅಲ್ಲಿಗೆ ಶುಭಂ. ಇಲ್ಲಿ ಹಾಗಾಗಲಿಲ್ಲ. 2007ರ ಬೇಸಿಗೆಯಲ್ಲಿ ಫ್ಲೇಮ್ಸ್ ಅವನ ಮುಂದಿಟ್ಟದ್ದು ಟೂ ವೇ ಒಪ್ಪಂದ. ಅಂದರೆ ಎರಡು ಸಂಬಳ ಬರೆದಿರುತ್ತಾರೆ. ಮೇಲಿನ ಲೀಗ್‌ನಲ್ಲಿ ಆಡಿಸಿದ ದಿನಕ್ಕೆ ಒಂದು, ಕೆಳಗೆ ಕಳಿಸಿದರೆ ಅದಕ್ಕಿಂತ ಎಷ್ಟೋ ಕಡಿಮೆ ಇನ್ನೊಂದು. ಯಾವಾಗ ಬೇಕಾದರೂ ಕಳಿಸಬಹುದು. ಜಿಯೋ ಹಿಂದಿನ ಸೀಸನ್‌ನಲ್ಲಿ 48 ಆಟ ಆಡಿದ್ದ. ನನ್ನ ಜಾಗ ನನಗೆ ಗಟ್ಟಿ ಮಾಡಿಕೊಡಿ ಅಂತ ಕೇಳಿದ. ಅವರು ಕೊಡಲಿಲ್ಲ. ಅವನು ಸಹಿ ಹಾಕಲಿಲ್ಲ. ರಷ್ಯಾಕ್ಕೆ ಹೋಗಿ ಡೈನಮೊ ಮಾಸ್ಕೋ ಸೇರಿಕೊಂಡ.

ಆಗ ನಾವು ಊರಿಗೆ ಹೊಸಬರು. ಅಜ್ಜ ಸಿಟ್ಟಾಗಿದ್ದರು. ಯಾರೂ ಕೇಳದಿದ್ದಾಗ ಕರೆದು ಕೂಡಿಸಿದರೆ ಹೀಗಾ ಮಾಡುವುದು ಅಂತ. ನಾನೂ ತಲೆ ಆಡಿಸಿದ್ದೆ. ಉಂಡ ಮನೆಗೆ ಎರಡು ಬಗೆಯಬಾರದು ಅಂತ ಬೆಳೆದವಳು ತಾನೆ. ಈಗ ಯೋಚಿಸಿದರೆ ನಾಚಿಕೆಯಾಗುತ್ತದೆ. ಯಾರೂ ಕೇಳದಿದ್ದವನು ಜೀವನಪೂರ್ತಿ ಕೃತಜ್ಞನಾಗಿ ಬಗ್ಗಿ ನಿಂತಿರಬೇಕು ಅನ್ನುವುದು ಯಾವ ನ್ಯಾಯ? ಇಪ್ಪತ್ಮೂರು ವರ್ಷದ ಹುಡುಗ, ಡ್ರಾಫ್ಟ್‌ನ ಮುದ್ರೆ ಇಲ್ಲದವನು, ನನಗೆ ಇಷ್ಟು ಬೆಲೆ ಇದೆ ಅಂತ ತಾನೇ ಲೆಕ್ಕ ಹಾಕಿ, ಭಾಷೆ ಬರದ ದೇಶಕ್ಕೆ ಹೋದ. ಅಲ್ಲಿ ಇಡೀ ಸೀಸನ್ ಆಡಿದ. ಆ ಡಿಸೆಂಬರ್‌ನಲ್ಲಿ ಸ್ವಿಟ್ಜರ್ಲೆಂಡಿನ ದಾವೋಸ್‌ನಲ್ಲಿ ನಡೆಯುವ ಸ್ಪೆಂಗ್ಲರ್ ಕಪ್‌ನಲ್ಲಿ ಕೆನಡಾ ಪರವಾಗಿ ಆಡಿ ಗೆದ್ದ. 2008ರಲ್ಲಿ ಫ್ಲೇಮ್ಸ್‌ನವರೇ ವಾಪಸ್ ಕರೆದರು. ಮೂರು ವರ್ಷದ ಒಪ್ಪಂದ ಕೊಟ್ಟರು.

ನನಗೆ ಇದು ಅರ್ಥವಾದದ್ದು 2015ರಲ್ಲಿ. ಅದಕ್ಕೆ ಕಾರಣ ಹಾಕಿ ಅಲ್ಲ. 2014ರ ಮಧ್ಯದಲ್ಲಿ ಬ್ಯಾರೆಲ್‌ಗೆ ನೂರು ಡಾಲರ್ ದಾಟಿದ್ದ ಕಚ್ಚಾ ತೈಲ, 2015ರ ಜನವರಿಗೆ ಐವತ್ತಕ್ಕಿಂತ ಕೆಳಗೆ ಬಿತ್ತು. ಕ್ಯಾಲ್ಗರಿ ಪೂರ್ತಿ ತೈಲದ ಊರು. ಡೌನ್‌ಟೌನ್‌ನ ದೊಡ್ಡ ದೊಡ್ಡ ಕಟ್ಟಡಗಳಲ್ಲಿ ದೀಪಗಳು ಒಂದೊಂದೇ ಮಹಡಿ ಆರತೊಡಗಿದವು. ನಮ್ಮವರ ಕೆಲಸ ಮಾರ್ಚ್‌ನಲ್ಲಿ ಹೋಯಿತು. ಒಂದು ರಟ್ಟಿನ ಡಬ್ಬ ಹಿಡಿದು ಟ್ರೇನ್ ಇಳಿದು ಬಂದರು. ಡಬ್ಬದಲ್ಲಿ ಒಂದು ಕಾಫಿ ಕಪ್, ಒಂದು ಪುಟ್ಟ ಗಣಪತಿ, ಪುಟ್ಟಿಯ ಫೋಟೊ. ಆಮೇಲೆ ಬಂದ ಕೆಲಸಗಳೆಲ್ಲ ಟೂ ವೇ ತರಹದವೇ. ಪ್ರಾಜೆಕ್ಟ್ ಇದ್ದರೆ ಸಂಬಳ, ಇಲ್ಲದಿದ್ದರೆ ಇಲ್ಲ, ನಾಳೆ ಬೇಡ ಅಂದರೆ ಬೇಡ. ಅವರು ಹದಿನಾಲ್ಕು ತಿಂಗಳು ಒಮಾನ್‌ಗೆ ಹೋಗಿ ದುಡಿದು ಬಂದರು. ನೆಂಟರಲ್ಲಿ ಒಬ್ಬರು "ಕೆನಡಾ ಬಿಟ್ಟು ಗಲ್ಫಿಗೆ ಹೋಗ್ತಾರಾ ಯಾರಾದ್ರೂ?" ಅಂತ ಫೋನ್‌ನಲ್ಲಿ ನಕ್ಕರು. ನಾನು ಅವತ್ತು ಫೋನ್ ಇಟ್ಟು, ಮಾಸ್ಕೋಗೆ ಹೋದ ಹುಡುಗನನ್ನು ನೆನೆದು ಮನಸ್ಸಿನಲ್ಲೇ ಕ್ಷಮೆ ಕೇಳಿದೆ.

ವಿಚಿತ್ರ ಅಂದರೆ ಅದೇ ಚಳಿಗಾಲ ಜಿಯೋನೂ ಮನೆಯಲ್ಲಿ ಕೂತಿದ್ದ. 2013ರಲ್ಲಿ ಆಗಿನ ಕ್ಯಾಪ್ಟನ್ ಜರೋಮ್ ಇಗಿನ್ಲಾ ಬೇರೆ ಟೀಮಿಗೆ ಹೋದ ಮೇಲೆ ಇವನನ್ನು ಕ್ಯಾಪ್ಟನ್ ಮಾಡಿದ್ದರು. 2014–15ರಲ್ಲಿ 61 ಆಟಗಳಲ್ಲಿ 48 ಪಾಯಿಂಟ್ ಮಾಡಿ, ಆ ವರ್ಷದ ಶ್ರೇಷ್ಠ ಡಿಫೆನ್ಸ್‌ಮ್ಯಾನ್ ಇವನೇ ಅಂತ ಎಲ್ಲರೂ ಮಾತಾಡುತ್ತಿದ್ದರು. ಫೆಬ್ರವರಿ ಕೊನೆಗೆ ತೋಳಿನ ಸ್ನಾಯು ಕಿತ್ತುಬಂತು. ಸೀಸನ್ ಮುಗಿಯಿತು. ಅವನಿಲ್ಲದೆಯೇ ಫ್ಲೇಮ್ಸ್ ಆರು ವರ್ಷದ ನಂತರ ಪ್ಲೇಆಫ್‌ಗೆ ಹೋಗಿ, ವ್ಯಾಂಕೂವರ್ ಅನ್ನು ಸೋಲಿಸಿತು. ಊರೆಲ್ಲ ಕೆಂಪು. ರೈಲಿನಲ್ಲಿ ಎಲ್ಲರೂ ಕೆಂಪು ಅಂಗಿ. ಅರ್ಧ ಜನಕ್ಕೆ ಕೆಲಸ ಇಲ್ಲ, ಆದರೂ ಕೂಗಾಟಕ್ಕೆ ಕಡಿಮೆ ಇರಲಿಲ್ಲ. ಕೆಲಸ ಇಲ್ಲದ್ದಕ್ಕೇ ಜಾಸ್ತಿ ಕೂಗಿದರೋ ಏನೋ.

ಆ ಬೇಸಿಗೆಯಲ್ಲೇ ಅವನಿಗೆ ಆರು ವರ್ಷಕ್ಕೆ 4 ಕೋಟಿ 5 ಲಕ್ಷ ಡಾಲರಿನ ಹೊಸ ಒಪ್ಪಂದ ಕೊಟ್ಟರು. ಅದು ಶುರುವಾಗುವುದೇ ಅವನಿಗೆ ಮೂವತ್ತಮೂರು ತುಂಬುವ ಹೊತ್ತಿಗೆ. ಅಜ್ಜ ಮತ್ತೆ ಗೊಣಗಿದರು, ಮುದುಕನಿಗೆ ಇಷ್ಟೊಂದಾ ಅಂತ. ಎಂಬತ್ತರ ಅಜ್ಜ ಮೂವತ್ತೊಂದರವನನ್ನು ಮುದುಕ ಅನ್ನುವುದು ಹಾಕಿಯಲ್ಲಿ ಮಾತ್ರ ಸಾಧ್ಯ. 2018–19ರಲ್ಲಿ, ಮೂವತ್ತೈದರಲ್ಲಿ, ಅವನು 78 ಆಟಗಳಲ್ಲಿ 74 ಪಾಯಿಂಟ್ ಮಾಡಿದ. ಶ್ರೇಷ್ಠ ಡಿಫೆನ್ಸ್‌ಮ್ಯಾನ್‌ಗೆ ಕೊಡುವ ನಾರಿಸ್ ಟ್ರೋಫಿ ಅವನಿಗೆ ಬಂತು. ಫ್ಲೇಮ್ಸ್‌ಗೆ ಆಡುತ್ತಾ ಅದನ್ನು ಗೆದ್ದ ಮೊದಲನೆಯವನು. ಅಜ್ಜ ಅದನ್ನು ನೋಡಿ ಹೋದರು. ಈಗಿಲ್ಲ.

ಡಿಫೆನ್ಸ್ ಆಡುವವರನ್ನು ಹದಿನೆಂಟರಲ್ಲಿ ಆರಿಸುವುದು ಯಾಕೆ ಕಷ್ಟ ಅಂತ ನನಗೆ ಪುಟ್ಟಿ ಆಡಲು ಶುರು ಮಾಡಿದ ಮೇಲೆ ಗೊತ್ತಾಯಿತು. ಗೋಲು ಹೊಡೆಯುವವಳು ಕಣ್ಣಿಗೆ ಬೀಳುತ್ತಾಳೆ. ಗೋಲು ಆಗದ ಹಾಗೆ ಮಾಡಿದವಳು ಬೀಳುವುದಿಲ್ಲ. ಆಗದೇ ಇದ್ದದ್ದನ್ನು ಯಾರು ಎಣಿಸುತ್ತಾರೆ? ಎದುರಾಳಿ ಪಕ್ ತಳ್ಳಿಕೊಂಡು ಬರುವಾಗ ಡಿಫೆನ್ಸ್‌ನವಳು ಹಿಂದಕ್ಕೆ ಸ್ಕೇಟ್ ಮಾಡಬೇಕು, ಮುಖ ಮಾತ್ರ ಮುಂದೆ. ಇಬ್ಬರ ನಡುವಿನ ಅಂತರ ಜಾಸ್ತಿಯಾದರೆ ಎದುರಾಳಿ ಆರಾಮಾಗಿ ಹೊಡೆಯುತ್ತಾಳೆ, ಕಡಿಮೆಯಾದರೆ ಪಕ್ಕದಿಂದ ನುಸುಳಿ ಹೋಗುತ್ತಾಳೆ. ಕೋಲನ್ನು ಹಿಮದ ಮೇಲೆ ಇಟ್ಟುಕೊಂಡೇ ಅವಳನ್ನು ನಿಧಾನವಾಗಿ ಮೂಲೆಗೆ ಒತ್ತಬೇಕು. ನಮ್ಮಜ್ಜಿ ಕೈಯಲ್ಲಿ ಕೋಲು ಹಿಡಿದು, ಹೊಡೆಯದೆ, ಬರೀ ಅಡ್ಡ ನಿಂತು ಎಮ್ಮೆಯನ್ನು ಕೊಟ್ಟಿಗೆಗೆ ತಿರುಗಿಸುತ್ತಿದ್ದರಲ್ಲ, ಥೇಟ್ ಹಾಗೆ. ಇದಕ್ಕೆ ವರ್ಷಗಟ್ಟಲೆ ಅಭ್ಯಾಸ ಬೇಕು. ಮೈಯೂ ಬಲಿಯಬೇಕು.

ಕ್ರಿಸ್ ಟಾನೆವ್ ಇನ್ನೊಬ್ಬ. ಅವನೂ ಟೊರಾಂಟೊದವನು, ಅವನೂ ಡಿಫೆನ್ಸ್, ಅವನನ್ನೂ ಯಾರೂ ಡ್ರಾಫ್ಟ್ ಮಾಡಲಿಲ್ಲ. ಹದಿಹರೆಯದಲ್ಲಿ ತೀರಾ ಕುಳ್ಳ. ಎತ್ತರ ಬಂದದ್ದು ತಡವಾಗಿ. ಅಮೆರಿಕದ ರಾಚೆಸ್ಟರ್‌ನಲ್ಲಿ ಒಂದೇ ವರ್ಷ ಕಾಲೇಜು ಹಾಕಿ ಆಡಿ, 2010ರಲ್ಲಿ ವ್ಯಾಂಕೂವರ್ ಸೇರಿದ. ಆಮೇಲೆ ನಮ್ಮ ಕ್ಯಾಲ್ಗರಿಗೂ ಬಂದ.

ಇನ್ನೊಂದು ವಿಷಯ ಇದೆ. ಎದುರಾಳಿ ಹೊಡೆದ ಪಕ್‌ಗೆ ಅಡ್ಡ ಬೀಳುವುದು. ಪಕ್ ಅಂದರೆ ಗಟ್ಟಿ ರಬ್ಬರಿನ ಬಿಲ್ಲೆ, 170 ಗ್ರಾಂ ತೂಕ. ದೊಡ್ಡವರು ಬೀಸಿ ಹೊಡೆದರೆ ಗಂಟೆಗೆ 150 ಕಿಲೋಮೀಟರ್ ವೇಗ ಸಲೀಸಾಗಿ ದಾಟುತ್ತದೆ. ಅದಕ್ಕೆ ಬೇಕೆಂದೇ ಮೊಣಕಾಲು ಊರಿ, ಕಾಲು ಕೊಟ್ಟು, ಹೊಟ್ಟೆ ಕೊಟ್ಟು ತಡೆಯಬೇಕು. ಎನ್‌ಎಚ್‌ಎಲ್ ಇದನ್ನು ಈಗಿನ ರೀತಿ ಲೆಕ್ಕ ಇಡುತ್ತಿರುವುದು 2005–06ರಿಂದ. ಅದೇ ಜಿಯೋ ಮೊದಲ ಆಟ ಆಡಿದ ಸೀಸನ್. 2023ರಲ್ಲಿ ಅವನು ಆ ಪಟ್ಟಿಯ ತುದಿಗೆ ಏರಿದ. ಎರಡು ಸಾವಿರಕ್ಕೂ ಜಾಸ್ತಿ ಸಲ ಅಡ್ಡ ಬಿದ್ದಿದ್ದ. ಅವನಿಗಿಂತ ಮುಂಚೆ ಮೊದಲ ಜಾಗದಲ್ಲಿದ್ದ ಕ್ರಿಸ್ ರಸೆಲ್ ಕೂಡ ಒಂದು ಕಾಲಕ್ಕೆ ಫ್ಲೇಮ್ಸ್‌ನವನೇ. ಜಿಯೋ ಗಾಯವಾಗಿ ಕೂತ ಆ 2015ರ ಮಾರ್ಚ್‌ನಲ್ಲಿ ರಸೆಲ್ ಬಾಸ್ಟನ್ ವಿರುದ್ಧ ಒಂದೇ ಆಟದಲ್ಲಿ 15 ಹೊಡೆತಗಳಿಗೆ ಅಡ್ಡ ಬಿದ್ದಿದ್ದ. ಅಮ್ಮನಿಗೆ ಇದನ್ನು ಹೇಳಿದಾಗ, "ಅವರ ತಾಯಿ ಹೇಗೆ ನೋಡ್ತಾಳೋ" ಅಂದಳು. ನಾನು ನೋಡುತ್ತಿದ್ದೇನಲ್ಲ ಅಂತ ಹೇಳಲು ಹೋಗಲಿಲ್ಲ.

ಕಥೆಯ ತಮಾಷೆ ಇರುವುದು 2021ರಲ್ಲಿ. ಸಿಯಾಟಲ್‌ನಲ್ಲಿ ಕ್ರ್ಯಾಕನ್ ಅನ್ನುವ ಹೊಸ ಟೀಮ್ ಶುರುವಾಯಿತು. ಹೊಸ ಟೀಮಿಗೆ ಆಟಗಾರರು ಬೇಕಲ್ಲ. ಅದಕ್ಕೆ ಇನ್ನೊಂದು ತರಹದ ಡ್ರಾಫ್ಟ್. ಪ್ರತಿ ಹಳೇ ಟೀಮೂ ಇಷ್ಟು ಜನರನ್ನು ಮುಟ್ಟಬೇಡಿ ಅಂತ ಒಂದು ಪಟ್ಟಿ ಕೊಡಬಹುದು. ಆ ಪಟ್ಟಿಯಲ್ಲಿ ಇಲ್ಲದವರಲ್ಲಿ ಒಬ್ಬನನ್ನು ಸಿಯಾಟಲ್ ಎತ್ತಿಕೊಳ್ಳುತ್ತದೆ. ಕ್ಯಾಲ್ಗರಿ ಮೂವರು ಡಿಫೆನ್ಸ್‌ನವರನ್ನು ಉಳಿಸಿಕೊಂಡಿತು. ಅದರಲ್ಲಿ ಟಾನೆವ್ ಒಬ್ಬ. ಕ್ಯಾಪ್ಟನ್ ಜಿಯೋ ಇರಲಿಲ್ಲ. ಮೂವತ್ತೇಳು ವರ್ಷ, ಅವರದೂ ಲೆಕ್ಕಾಚಾರ, ತಪ್ಪು ಅನ್ನಲಾರೆ. ಜುಲೈ 21ರಂದು ಸಿಯಾಟಲ್ ಅವನ ಹೆಸರು ಕೂಗಿತು. ನಾನು ಅಡುಗೆಮನೆಯಲ್ಲಿ ದೋಸೆ ಹುಯ್ಯುತ್ತಿದ್ದೆ. ನಮ್ಮವರು ಹಾಲ್‌ನಿಂದ "ಅಂತೂ ಡ್ರಾಫ್ಟ್ ಆದ ಕಣೆ!" ಅಂತ ಕೂಗಿದರು. ನಗಬೇಕೋ ಅಳಬೇಕೋ ಗೊತ್ತಾಗಲಿಲ್ಲ. ದೋಸೆ ಸೀದುಹೋಯಿತು.

ಸಿಯಾಟಲ್‌ಗೆ ಮೊದಲ ಕ್ಯಾಪ್ಟನ್ ಅವನೇ. 2022ರ ಮಾರ್ಚ್‌ನಲ್ಲಿ ಟೊರಾಂಟೊ ಅವನನ್ನು ಕರೆಸಿಕೊಂಡಿತು. ತನ್ನೂರಿನ ಟೀಮು. 2023ರಲ್ಲಿ ಟೊರಾಂಟೊ ಪ್ಲೇಆಫ್‌ನಲ್ಲಿ ಒಂದು ಸರಣಿ ಗೆದ್ದಿತು. 2004ರ ನಂತರ ಅದೇ ಮೊದಲು. ಅವನು ಆ ಟೀಮಿನಲ್ಲಿದ್ದ. 2023–24ರ ಸೀಸನ್ ಅವನ ಕೊನೆಯದು. ಅಷ್ಟರಲ್ಲಿ ಒಟ್ಟು 1,148 ಆಟ.

ಲಿಸ್ಟ್ ಬಂದ ಮಾರನೇ ದಿನ ಬೆಳಿಗ್ಗೆ ಪುಟ್ಟಿಗೆ ಇದನ್ನೆಲ್ಲ ಹೇಳಿದೆ. ಉಪ್ಪಿಟ್ಟು ತಿನ್ನುತ್ತಾ ಕೇಳಿದಳು. ನಾನು ಬಹಳ ಮನಸ್ಸಿಟ್ಟು ಹೇಳಿದ್ದೆ. ಮಾಸ್ಕೋ ಬಂದಾಗ ಧ್ವನಿ ಸ್ವಲ್ಪ ನಡುಗಿತು ಕೂಡ. ಅವಳು ಚಮಚ ಕೆಳಗಿಟ್ಟು ಕೇಳಿದ್ದು ಇಷ್ಟು:

"ಅಮ್ಮಾ, ಹಾಗಾದ್ರೆ ಅವನಿಗೆ ಕಪ್ ಸಿಕ್ತಾ?"

"ಇಲ್ಲ."

"ಒಂದ್ಸಲಾನೂ?"

"ಇಲ್ಲ ಪುಟ್ಟಿ."

"ಮತ್ತೆ ನಂಗ್ಯಾಕೆ ಹೇಳ್ತಿದೀಯ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಉಪ್ಪಿಟ್ಟಿಗೆ ಇನ್ನಷ್ಟು ತುಪ್ಪ ಹಾಕಿದೆ. ಸುಮ್ನೆ ಕೂತು ಯೋಚಿಸಿದರೆ, ನಾನು ಹೇಳಿದ್ದು ಅವಳಿಗೋ, ನೋಟಿಸ್ ಬೋರ್ಡ್ ಮುಂದೆ ನಿಂತಿದ್ದ ಆ ಹೈಸ್ಕೂಲ್ ಹುಡುಗಿಗೋ ಗೊತ್ತಿಲ್ಲ.

ಆ ಆಯ್ಕೆಯ ಬಗ್ಗೆ ನನಗೆ ತಕರಾರು ಇಲ್ಲ ಅಂತಲ್ಲ. ಇದೆ. ಒಟ್ಟು ಮೂರು ದಿನ, ಒಂದೊಂದು ಗಂಟೆ. ಮೇಲೆ ಕೂತವರು ಪೆನ್ಸಿಲ್ ಹಿಡಿದು ನಲವತ್ತು ಮಕ್ಕಳಿಗೆ ಅಂಕ ಹಾಕುತ್ತಾರೆ. ಎರಡನೇ ದಿನ ಪುಟ್ಟಿಗೆ ಜ್ವರ ಇತ್ತು, ಹೇಳಬೇಡ ಅಂತ ಅವಳೇ ಹಟ ಮಾಡಿದಳು. ದೂರು ಕೊಡೋಣವಾ ಅಂತ ಒಂದು ಇಮೇಲ್ ಬರೆದೆ, ಎರಡು ದಿನ ಇಟ್ಟುಕೊಂಡೆ, ಅಳಿಸಿದೆ. ಜ್ವರ ಇಲ್ಲದಿದ್ದರೂ ಟೀಮ್ 3ಕ್ಕಿಂತ ಮೇಲೆ ಹೋಗುತ್ತಿರಲಿಲ್ಲ ಅನ್ನಿಸುತ್ತದೆ. ಅವಳ ಹಿಂದಕ್ಕೆ ಹೋಗುವ ಸ್ಕೇಟಿಂಗ್ ಇನ್ನೂ ನಿಧಾನ. ಎಡಕ್ಕೆ ತಿರುಗುವಾಗ ತಡವರಿಸುತ್ತಾಳೆ. ತಾಯಿಯಾದರೂ ಕಣ್ಣಿದೆಯಲ್ಲ.

ಟೀಮ್ 4ಕ್ಕೆ ಪ್ರಾಕ್ಟೀಸ್ ಸಿಗುವುದು ಯಾರಿಗೂ ಬೇಡದ ಹೊತ್ತಿನಲ್ಲಿ. ಶನಿವಾರ ಬೆಳಿಗ್ಗೆ ಆರೂ ಕಾಲು. ಐದಕ್ಕೆ ಏಳಬೇಕು. ಕಾರಿನ ಗಾಜಿನ ಮೇಲಿನ ಹಿಮ ಕೆರೆಯಬೇಕು. ಫ್ಲಾಸ್ಕಿನಲ್ಲಿ ಫಿಲ್ಟರ್ ಕಾಫಿ, ಡಬ್ಬಿಯಲ್ಲಿ ಎರಡು ಚಪಾತಿ ರೋಲ್. ರಿಂಕ್ ಒಳಗೆ ಹೊರಗಿಗಿಂತ ಜಾಸ್ತಿ ಚಳಿ. ಬೆವರಿದ ಗ್ಲೌಸ್ ವಾಸನೆ ಬಾಗಿಲಲ್ಲೇ ಹೊಡೆಯುತ್ತದೆ. ಮೊದಲ ವಾರ ನಾವು ಐದೇ ತಂದೆ ತಾಯಿ ಬೆಂಚಿನ ಮೇಲೆ ಇದ್ದೆವು. ಟೀಮ್ 4ರ ಕೋಚ್ ಒಬ್ಬ ಯೂನಿವರ್ಸಿಟಿ ಹುಡುಗಿ. ಮಕ್ಕಳನ್ನು ನಿಲ್ಲಿಸಿ ನಲವತ್ತು ನಿಮಿಷ ಬರೀ ಹಿಂದಕ್ಕೆ ಸ್ಕೇಟ್ ಮಾಡಿಸಿದಳು. ಪಕ್ಕನ್ನೇ ಕೊಡಲಿಲ್ಲ. ಒಬ್ಬ ಅಪ್ಪ ಗೊಣಗಿದ. ನನಗೆ ಖುಷಿಯಾಯಿತು.

ಜೆರ್ಸಿ ಹಂಚುವಾಗ ಪುಟ್ಟಿ ಸಾಲಿನಲ್ಲಿ ನಿಂತು ಏನೋ ಕೇಳಿದ್ದು ದೂರದಿಂದ ಕಾಣಿಸಿತು. ಕೋಚ್ ತಲೆ ಅಲ್ಲಾಡಿಸಿದಳು. ಕಾರಿನಲ್ಲಿ ಕೂತ ಮೇಲೆ ಬ್ಯಾಗಿನಿಂದ ಜೆರ್ಸಿ ತೆಗೆದು ತೋರಿಸಿದಳು. ಹದಿನಾಲ್ಕು.

"ಐದು ಕೇಳ್ದೆ" ಅಂದಳು, ಕಿಟಕಿ ಆಚೆ ನೋಡುತ್ತಾ. "ಬೇರೆಯವಳು ತಗೊಂಡ್ಬಿಟ್ಟಿದ್ಲು."